ಆರ್ಕ್‌ರೈಟರ ಹಿಟ್ಟಿನ ಪೆಟ್ಟಿಗೆ

ತಿರ್ಝಾ ಆಗ್ಡನ್ ಮದುವೆಗೆ ಮುಂಚೆ ತಿರ್ಝಾ ಆರ್ಕ್‌ರೈಟ್. ಯಾರ್ಕ್‌ಷೈರಿನ ಅವಳ ಕಣಿವೆಯಲ್ಲಿ ಓಟ್ಸ್ ಹಿಟ್ಟು ತುಂಬಿಡುವ ದೊಡ್ಡ ಮರದ ಪೆಟ್ಟಿಗೆಗೆ ಆರ್ಕ್ ಅಂತ ಹೆಸರು; ಅದನ್ನು ಮಾಡುವ ಬಡಗಿ ಆರ್ಕ್‌ರೈಟ್. ಯಾವ ಕಾಲದಲ್ಲೋ ಊರಿನಲ್ಲಿ ನಾಲ್ಕು ಮಂದಿ ಜಾನ್‌ಗಳಿದ್ದಾಗ, ಗುರುತಿಗಿರಲಿ ಅಂತ ಪಾದ್ರಿ ಒಬ್ಬನ ಹೆಸರಿನ ಜೊತೆ ಕಸುಬನ್ನೂ ಬರೆದುಕೊಂಡಿರಬೇಕು. ಆಮೇಲೆ ಕಸುಬು ಹೋಯಿತು, ಮೊಮ್ಮಕ್ಕಳು ಮಗ್ಗಕ್ಕೆ ಕೂತರು, ಹೆಸರು ಮಾತ್ರ ಬೆನ್ನು ಬಿಡಲಿಲ್ಲ.

ಅವಳ ಅಪ್ಪ ಜೇಬೆಜ್ ಐವತ್ತು ವರ್ಷ ಉಣ್ಣೆ ಗಿರಣಿಯಲ್ಲಿ ದುಡಿದವನು. ಉಳಿ ಹಿಡಿದರೆ ಕೈ ಕೊಯ್ದುಕೊಳ್ಳುತ್ತಿದ್ದ. ಆದರೂ ಹಿರಿಯರು ಮಾಡಿದ ಒಂದು ಪೆಟ್ಟಿಗೆ ಅಡುಗೆಮನೆಯ ಅರ್ಧ ಜಾಗ ಹಿಡಿದು ಕೂತಿತ್ತು. ಮುಚ್ಚಳ ತೆಗೆದು ಬೋರಲು ಹಾಕಿದರೆ ಹಿಟ್ಟು ನಾದುವ ಮರಿಗೆ. ತಿರ್ಝಾ ರೊಟ್ಟಿ ಕಲಿತದ್ದು ಅದರಲ್ಲೇ, ಎಳೆಗೂಸಾಗಿ ಮಲಗಿದ್ದೂ ಅದರಲ್ಲೇ. ಅಪ್ಪನದು ಒಂದೇ ಕಟ್ಟಪ್ಪಣೆ: ಮೂಲೆಗಳಲ್ಲಿ ಹೆಬ್ಬೆರಳಿನಷ್ಟು ಹೊರಗೆ ಚಾಚಿಕೊಂಡಿದ್ದ ಬೆಣೆಗಳ ತಂಟೆಗೆ ಯಾರೂ ಹೋಗಬಾರದು. ಯಾಕೆ ಅಂದರೆ ಅವನಿಗೂ ಗೊತ್ತಿಲ್ಲ. "ನಮ್ಮಪ್ಪ ಹೇಳಿದ್ದ, ಅಷ್ಟೇ."

ಒಂದು ಚಳಿಗಾಲದಲ್ಲಿ ಅಪ್ಪ ತೀರಿಕೊಂಡ. ಗಂಡುಮಕ್ಕಳಿಲ್ಲ, ಕಣಿವೆಯಲ್ಲಿ ಆರ್ಕ್‌ರೈಟ್ ಅನ್ನುವ ಹೆಸರು ಅವನ ಸಮಾಧಿಕಲ್ಲಿಗೇ ನಿಂತುಹೋಯಿತು. ಮನೆ ಗಿರಣಿಯದು, ಅವನ ಜೊತೆಗೇ ಇದ್ದ ಮಗಳು ಅಳಿಯ ಶನಿವಾರದೊಳಗೆ ಖಾಲಿ ಮಾಡಬೇಕು. ಮಂಚ, ಮೇಜು ಎಲ್ಲ ಕೈಗಾಡಿ ಏರಿದವು. ಪೆಟ್ಟಿಗೆ ಮಾತ್ರ ಬಾಗಿಲಿಗಿಂತ ಅರ್ಧ ಅಡಿ ಅಗಲ. ನಿಲ್ಲಿಸಿದರು, ಮಲಗಿಸಿದರು, ಓರೆ ಮಾಡಿದರು, ಏನೂ ಆಗಲಿಲ್ಲ.

"ಮೊದಲು ಪೆಟ್ಟಿಗೆ ಇಟ್ಟು, ಆಮೇಲೆ ಸುತ್ತ ಮನೆ ಕಟ್ಟಿದ್ರೇನೋ ನಿಮ್ಮೋರು!" ಅಂದಳು ಪಕ್ಕದ ಮನೆಯ ಹೆಪ್ಸಿ ಆಂಟಿ, ಬಾಗಿಲಲ್ಲಿ ನಿಂತು.

"ನಡುವೆ ಗರಗಸ ಆಡಿಸ್ತೀನಿ," ಅಂದ ಗಂಡ ವಿಲ್ಫ್. "ಇನ್ನೇನು ಮಾಡೋಕಾಗುತ್ತೆ ಹೇಳು. ಇಲ್ಲಾಂದ್ರೆ ಇಲ್ಲೇ ಬಿಟ್ಟು ಹೋಗೋಣ."

"ಬಿಟ್ರೆ ಈ ಮನೆಗೆ ಬರೋರು ಅದಕ್ಕೆ ಕಲ್ಲಿದ್ದಲು ತುಂಬ್ತಾರೆ," ಅಂದಳು ತಿರ್ಝಾ. " ಮೊದಲು ನಿನ್ನ ಮಂಚ ಕೊಯ್ದುಕೋ ಹೋಗು!"

ವಿಲ್ಫ್ ಗರಗಸವನ್ನು ಗೋಡೆಗೆ ಒರಗಿಸಿ, ಪೈಪು ಹೊತ್ತಿಸಲು ಹೊರಗೆ ಹೋದ.

ಕೊಯ್ಯುವುದೇ ಆದರೂ ತಳದಲ್ಲಿ ಗಟ್ಟಿಯಾಗಿ ಅಂಟಿ ಕೂತಿದ್ದ ಹಿಟ್ಟು ಯಾಕೆ ಹಾಳಾಗಬೇಕು? ತಿರ್ಝಾ ಹತ್ತು ತಿಂಗಳ ಮಗಳನ್ನು ಬೋರಲು ಹಾಕಿದ ಮುಚ್ಚಳದಲ್ಲಿ ಕೂರಿಸಿ, ಕೈಗೊಂದು ಚಮಚ ಕೊಟ್ಟು, ಪೆಟ್ಟಿಗೆಯೊಳಗೆ ಬಗ್ಗಿ ಬಳಿಯತೊಡಗಿದಳು. ಮೂಲೆಯ ಹಿಟ್ಟು ಒರೆಸಿದಾಗ ಚಾಕುವಿನಲ್ಲಿ ಕೊರೆದ ಗೀಟುಗಳು ಕಂಡವು. ಹಲಗೆಯ ಮೇಲೆ ಮೂರು ಗೀಟು, ಅದು ಸೇರುವ ಕಂಬದ ಮೇಲೂ ಮೂರು. ಪಕ್ಕದ ಮೂಲೆಯಲ್ಲಿ ಇಲ್ಲಿ ನಾಲ್ಕು, ಅಲ್ಲೂ ನಾಲ್ಕು. ಬೆಣೆಗಳ ತುದಿ ಒಳಗಡೆ ಸಣ್ಣ, ಹೊರಗಡೆ ದಪ್ಪ.

"ವಿಲ್ಫ್! ಬಾ ಇಲ್ಲಿ, ಓಡಿ ಬಾ! ಇದನ್ನ ಬಿಚ್ಚೋಕೆ ಅಂತಲೇ ಮಾಡಿರೋದು. ಹೊರಗಿನ ತಲೆ ಹಿಡಿದು ಎಳೆದ್ರೆ ಬೆಣೆ ಬರುತ್ತೆ, ಹಲಗೆ ಹಲಗೆಯಾಗಿ ಹೊರಗೆ ಹೋಗುತ್ತೆ!"

ವಿಲ್ಫನ ಮುಖ ಬಿಳಿಚಿತು. ಹೋದ ತಿಂಗಳು ಮಗು ಅಂಬೆಗಾಲಿಡುತ್ತಾ ಬೆಣೆಗೆ ಹಣೆ ಬಡಿದುಕೊಂಡಿತ್ತು. ಬೇಡ ಅನ್ನಲು ಮಾವ ಬದುಕಿಲ್ಲವಲ್ಲ ಅಂತ ಅವನು ತಿರ್ಝಾಗೂ ಹೇಳದೆ ಬೆಣೆಗಳನ್ನೆಲ್ಲ ಹಲಗೆಯ ಮಟ್ಟಕ್ಕೆ ಸವರಿಬಿಟ್ಟಿದ್ದ. ಈಗ ಹಿಡಿದೆಳೆಯಲು ತಲೆಯೇ ಇಲ್ಲ.

"ನನ್ನ ಕೈ ಮುರಿಯ," ಅಂದ.

"ಆಮೇಲೆ ಮುರಿಯೋಣ. ಲಟ್ಟಣಿಗೆ ಕೊಡು. ಆ ಹಳೇ ನೂಲಿನ ಕದಿರೂ ಕೊಡು."

ಲಂಗ ಎತ್ತಿ ಕಟ್ಟಿ ತಿರ್ಝಾ ಪೆಟ್ಟಿಗೆಯೊಳಗೇ ಇಳಿದಳು. ಬೆಣೆಯ ಸಣ್ಣ ತುದಿಗೆ ಕದಿರಿಟ್ಟು ಲಟ್ಟಣಿಗೆಯಿಂದ ಬಡಿದಳು. ಒಂದು, ಎರಡು, ಏಳು ಏಟು. ಹಿಟ್ಟಿನ ಧೂಳೆದ್ದು ಕಣ್ಣು ತುಂಬಿತು. ಎಂಟನೆಯದಕ್ಕೆ ಬೆಣೆ ಟಣ್ ಅಂತ ಹಾರಿ ಹೆಪ್ಸಿ ಆಂಟಿಯ ಕಾಲ ಬಳಿ ಬಿತ್ತು.

"ಅಯ್ಯೋ, ನಿಮ್ಮ ಮುತ್ತಜ್ಜನೇ ನನಗೆ ಗುರಿಯಿಟ್ಟು ಹೊಡೆದ ಹಾಗಾಯ್ತಲ್ಲೇ ಹುಡುಗಿ!"

ಸಂಜೆಯ ಚಹಾ ಕುಡಿಯುವ ಹೊತ್ತಿಗೆ ಹಲಗೆಗಳು ಗಾಡಿಯ ಮೇಲಿದ್ದವು. ತಿರ್ಝಾ ಮತ್ತೆ ಮತ್ತೆ ಆ ಗೀಟುಗಳ ಮೇಲೆ ಬೆರಳಾಡಿಸಿದಳು. ಬರೆಯಲು ಓದಲು ಬಾರದ ಯಾವನೋ ಒಬ್ಬ, ಮುಂದೊಂದು ದಿನ ತನ್ನವರು ಮನೆ ಬಿಡಬೇಕಾದೀತು ಅಂತ ಆಗಲೇ ಯೋಚಿಸಿ, ಜೋಡಿಸುವ ದಾರಿ ಕೊರೆದಿಟ್ಟು ಹೋಗಿದ್ದ. ಹೆಸರೂ ಗೊತ್ತಿಲ್ಲದ ಅವನಿಗೆ ಅವಳು ಮನಸ್ಸಿನಲ್ಲೇ ಕೈಮುಗಿದಳು.

ಹೊಸ ಮನೆಯಲ್ಲಿ ಮೂರಕ್ಕೆ ಮೂರು, ನಾಲ್ಕಕ್ಕೆ ನಾಲ್ಕು ಸೇರಿಸಿದರು. ವಿಲ್ಫ್ ಓಕಿನ ಹೊಸ ಬೆಣೆ ಕೆತ್ತಿದ. ಈ ಸಲ ಹೆಬ್ಬೆರಳಿನಷ್ಟು ಹೊರಗೆ ಬಿಟ್ಟ. ಮಗುವಿನ ಹಣೆಗೆ ತಾಗದಿರಲೆಂದು ತಿರ್ಝಾ ಅಪ್ಪನ ಹಳೆಯ ಉಣ್ಣೆ ಕಾಲುಚೀಲ ಕತ್ತರಿಸಿ ಒಂದೊಂದಕ್ಕೂ ಕುಲಾವಿ ಹೊಲಿದಳು.

ಮುಂದಿನ ಭಾನುವಾರ ಚಾಪೆಲ್ ಅನ್ನುವ ಸಣ್ಣ ಚರ್ಚಿನಲ್ಲಿ ಮಗುವಿನ ನಾಮಕರಣ. ನಡುವಿನ ಹೆಸರಿಗೆ ವಿಲ್ಫನ ತಾಯಿಯ ಹೆಸರು ಆ್ಯನ್ ಅಂತ ಮೊದಲೇ ಮಾತಾಗಿತ್ತು. ಪಾದ್ರಿ ಮಗುವನ್ನೆತ್ತಿಕೊಂಡು ಹೆಸರು ಕೇಳಿದರು. ತಿರ್ಝಾ ಬಾಯಿ ತೆರೆಯುವ ಮುಂಚೆ ವಿಲ್ಫ್ ಗಟ್ಟಿಯಾಗಿ ಹೇಳಿದ:

"ಮಾರ್ಜರಿ ಆರ್ಕ್‌ರೈಟ್ ಆಗ್ಡನ್."

ಅತ್ತೆ ಕತ್ತು ತಿರುಗಿಸಿ ನೋಡಿದಳು. ಆಮೇಲೆ, "ಹೋಗ್ಲಿ ಬಿಡು, ಆ ಪೆಟ್ಟಿಗೆಯ ರೊಟ್ಟಿ ತಿನ್ನೋಳು ನಾನೂ ತಾನೆ," ಅಂದಳು.