ತೊಳೆದಿಟ್ಟ ಕವರುಗಳು

ನನ್ನ ಮನೆ ಆಳಂದದಲ್ಲಿ, ಕೆಲಸದ ಪುರಸಭೆ ಕಚೇರಿ ಇರುವುದು ಬಸ್ಸಿನಲ್ಲಿ ಮುಕ್ಕಾಲು ಗಂಟೆ ದೂರದ ಊರಲ್ಲಿ. ಆ ಊರಿನ ಹೆಸರು ಬೇಡ. ಮರ್ಯಾದೆ ಹೋದದ್ದು ನನ್ನದು, ಊರಿನದಲ್ಲ. ಸರ್ಕಾರ ಪ್ಲಾಸ್ಟಿಕ್ ಚೀಲ ನಿಷೇಧಿಸಿದ ಮೇಲೆ ಅಂಗಡಿಗಳಲ್ಲಿ ಅವನ್ನು ಜಪ್ತಿ ಮಾಡುವ ಕೆಲಸ ನನ್ನ ಪಾಲಿಗೆ ಬಂತು. ಸುಳ್ಳೇಕೆ ಹೇಳಲಿ, ಆ ಕೆಲಸ ನನಗೆ ಹಿಡಿಸಿತ್ತು. ಅಲ್ಲಿಯವರೆಗೆ ಕಡತ ಹೊತ್ತು ತಿರುಗುತ್ತಿದ್ದವನಿಗೆ ಬಜಾರಿನಲ್ಲಿ ಜನ ಎದ್ದು ನಿಂತು ನಮಸ್ಕಾರ ಮಾಡತೊಡಗಿದ್ದರು.

ಒಂದು ಬೆಳಿಗ್ಗೆ ನಮ್ಮ ತಂಡ ಮೊದಲು ಹೋದದ್ದು ಸಗಟು ಅಂಗಡಿಗೆ. ಊರಿಗೆಲ್ಲ ಕವರು ಹೋಗುವುದು ಅಲ್ಲಿಂದಲೇ. ಶಟರ್ ಎಳೆದಿತ್ತು, ಆದರೆ ಹೊರಗೆ ಬೀಗವಿರಲಿಲ್ಲ. ಒಳಗೆ ಫ್ಯಾನು ತಿರುಗುವ ಸದ್ದು ಕೇಳುತ್ತಿತ್ತು. ಮಾಲೀಕನ ಬಾಯಿ ಜೋರು. ನಾನು ಶಟರ್ ಬಡಿಯಲಿಲ್ಲ. ‘ಅಂಗಡಿ ಬಂದ್ ಅದ, ನಡೀರಿ’ ಎಂದೆ. ಅಂಜಿದ್ದೆ, ಅಷ್ಟೇ.

ಬರಿಗೈಯಲ್ಲಿ ಹಿಂದಿರುಗುವಂತಿರಲಿಲ್ಲ. ಜಪ್ತಿಯಾದ ಮಾಲು ಮುಂದಿಟ್ಟುಕೊಂಡು ಫೋಟೊ ತೆಗೆಸಿ ಕಳಿಸಬೇಕು. ಬಸ್ ನಿಲ್ದಾಣದ ಬದಿಗೆ ಖಡಕ್ ರೊಟ್ಟಿ ಮಾರುವ ಮುದುಕಿ ಪಕ್ಕದಲ್ಲಿ ಪ್ಲಾಸ್ಟಿಕ್ ಕವರುಗಳನ್ನಿಟ್ಟುಕೊಂಡು ಕೂತಿದ್ದಳು. ಸಂಜೆ ಬಸ್ ಹತ್ತುವ ಮುಂಚೆ ನಾನು ರೊಟ್ಟಿ, ನೆಂಚಿಕೊಳ್ಳಲು ಶೇಂಗಾ ಹಿಂಡಿ ಕಟ್ಟಿಸಿಕೊಳ್ಳುತ್ತಿದ್ದದ್ದು ಆಕೆಯ ಹತ್ತಿರವೇ. ‘ಆಯಿ’ ಎಂದು ಕರೆಯುತ್ತಿದ್ದೆ. ಆ ದಿನ ಮಾತ್ರ ಹಾಗೆ ಕರೆಯಲಿಲ್ಲ, ಜೊತೆಗಿದ್ದವರ ಮೊಬೈಲ್ ನನ್ನ ಕಡೆ ತಿರುಗಿತ್ತು.

‘ಏ ಬೇ, ಕಾಯ್ದೆ ಗೊತ್ತಿಲ್ಲೇನು ನಿನಗ?’ ಎಂದೆ.

‘ಇವು ಹೊಸಾವಲ್ರಿ ಸಾಹೇಬ್ರ,’ ಎಂದಳು ಆಕೆ. ‘ಗಿರಾಕಿ ಹೊಳ್ಳಿ ತಂದು ಕೊಡ್ತಾರ. ತೊಳದು, ಒಣಗಿಸಿ, ಮತ್ತ ಅದರಾಗ ಕಟ್ತೇನಿ. ಗಾಳಿ ತಾಗಿದ್ರ ರೊಟ್ಟಿ ಮೆತ್ತಗಾಗ್ತಾವ್ರಿ.’

ನಿಜವೇ. ತೊಳೆದು ತೊಳೆದು ಆ ಕವರುಗಳ ಮೇಲಿನ ಅಕ್ಷರವೆಲ್ಲ ಅಳಿಸಿಹೋಗಿತ್ತು. ‘ಹಳೇ ಕವರ್ ತಂದೀರೇನ್ರಿ?’ ಎಂದು ನನ್ನನ್ನೂ ಕೇಳುತ್ತಿದ್ದಳು. ನಾನು ಒಂದು ದಿನವೂ ತಂದುಕೊಟ್ಟವನಲ್ಲ. ರೊಟ್ಟಿ ತೆಗೆದುಕೊಂಡು ಕವರನ್ನು ಮನೆ ಮುಂದಿನ ಗಟಾರಕ್ಕೆ ಎಸೆಯುತ್ತಿದ್ದೆ. ಇಷ್ಟೆಲ್ಲ ಗೊತ್ತಿದ್ದೂ, ಆಕೆ ಹಗ್ಗದ ಮೇಲೆ ಒಣಹಾಕಿದ್ದನ್ನೂ ಬಿಡದೆ ಕಿತ್ತುಕೊಂಡೆ. ಅತ್ತೆ ಮೇಲಿನ ಕೋಪ ಕೊತ್ತಿ ಮೇಲೆ ಅನ್ನುತ್ತಾರಲ್ಲ, ಹಾಗೆ. ಫೋಟೊದಲ್ಲಿ ನಾನು ನಗುತ್ತಿದ್ದೇನೆ. ಕಚೇರಿಯಲ್ಲಿ ಭೇಷ್ ಅಂದರು. ಈಗ ಆ ಫೋಟೊ ನೋಡಿದರೆ ಮೈಯೆಲ್ಲ ಹಿಡಿಯಾಗುತ್ತದೆ.

ಎಂಟು ದಿನ ಆಕೆಯ ಕಡೆ ಸುಳಿಯಲಿಲ್ಲ. ಮನೆಯಲ್ಲಿ ನನ್ನ ಹೆಂಡತಿ ‘ರೊಟ್ಟಿ ಯಾಕ ತರವಲ್ರಿ?’ ಎಂದು ಗೊಣಗಿದಾಗ ಹೋಗಲೇಬೇಕಾಯಿತು. ಮುದುಕಿ ತಲೆ ಎತ್ತಿ ಕೇಳಿದಳು, ‘ಚೀಲ ತಂದೀರೇನ್ರಿ ಸಾಹೇಬ್ರ?’

ಕೊಂಕಿರಲಿಲ್ಲ ಆ ಮಾತಿನಲ್ಲಿ. ಇದ್ದಿದ್ದರೆ ನಾನೂ ಏನಾದರೂ ಒದರಿ ಹಗುರಾಗುತ್ತಿದ್ದೆ. ಊರಿಗೆಲ್ಲ ‘ಮನೆಯಿಂದ ಚೀಲ ತನ್ನಿ’ ಎಂದು ಸಾರಿದವನ ಕೈಯಲ್ಲಿ ಚೀಲವಿರಲಿಲ್ಲ. ಆಕೆ ಬುಟ್ಟಿಗೆ ಮುಚ್ಚಿದ್ದ ಹಳೇ ಇಳಕಲ್ ಸೀರೆಯ ತುಂಡನ್ನೇ ತೆಗೆದು ರೊಟ್ಟಿ ಗಂಟು ಕಟ್ಟಿದಳು.

‘ನಾಳಿಗಿ ಹೊಳ್ಳಿ ತರ್ರಿ. ಬುಟ್ಟಿ ಮುಚ್ಚಾಕ ಇದೊಂದೇ ಅದ.’

ಹೆಂಡತಿ ಅದನ್ನು ಒಗೆದು ಮಡಚಿ ಕೊಟ್ಟಳು. ಎರಡು ಸಲ ಬ್ಯಾಗಿನಲ್ಲಿಟ್ಟುಕೊಂಡು ಹೋದೆ. ಎರಡು ಸಲವೂ ದೂರದಿಂದ ಮುದುಕಿಯನ್ನು ಕಂಡು, ಮುಖ ತೋರಿಸಲಾಗದೆ ಹಿಂದಿರುಗಿದೆ. ಬಟ್ಟೆ ಇನ್ನೂ ನನ್ನ ಕಪಾಟಿನಲ್ಲಿದೆ. ಈಗ ನಾನು ನಿಲ್ದಾಣಕ್ಕೆ ಹೋಗುವುದಿಲ್ಲ, ಊರ ಹೊರಗಿನ ತಪಾಸಣೆ ನಾಕಾದಲ್ಲಿ ಬಸ್ಸಿಗೆ ಕೈ ಮಾಡುತ್ತೇನೆ. ಆಕೆ ಆ ಬುಟ್ಟಿಗೆ ಏನು ಮುಚ್ಚುತ್ತಿದ್ದಾಳೋ, ನನಗೆ ಗೊತ್ತಿಲ್ಲ.