ಖಾಲಿ ಸ್ಟೇಡಿಯಂನ ಹೊರಗೆ

ಎರಡು ಸಾವಿರದ ಇಪ್ಪತ್ತನೇ ಇಸವಿಯ ಫುಟ್‌ಬಾಲ್ ಸೀಸನ್ ಅಂದರೆ ನನಗೆ ಇವತ್ತಿಗೂ ಮೊದಲು ನೆನಪಾಗುವುದು ಕಾಲುನೋವು. ಲಾಸ್ ಏಂಜಲೀಸ್‌ನ ಚಾಟ್ಸ್‌ವರ್ತ್ ಬಡಾವಣೆಯ ಒಂದು ಫ್ಯಾಕ್ಟರಿಯಲ್ಲಿ, ಆಸ್ಪತ್ರೆಗೆ ಹೋಗುವ ಪ್ಲಾಸ್ಟಿಕ್ ಟ್ಯೂಬುಗಳಲ್ಲಿ ತೂತಿದೆಯಾ ಎಂದು ನೋಡುವುದು ನನ್ನ ಕೆಲಸ. ಆ ವರ್ಷ ಟ್ಯೂಬುಗಳಿಗೆ ಎಲ್ಲಿಲ್ಲದ ಬೇಡಿಕೆ. ಮಾಸ್ಕ್ ಹಾಕಿಕೊಂಡು ದಿನವಿಡೀ ನಿಂತೇ ಇರಬೇಕು. ಮನೆಗೆ ಬಂದರೆ ಗಂಡ ಊಟದ ಟೇಬಲ್ ತುಂಬ ಲ್ಯಾಪ್‌ಟಾಪ್ ಹರಡಿಕೊಂಡು ಮೀಟಿಂಗ್‌ನಲ್ಲಿ. ತಟ್ಟೆ ಇಡಲೂ ಜಾಗವಿಲ್ಲ. ಸಾಕಪ್ಪಾ ಸಾಕು ಅನ್ನಿಸಿಬಿಟ್ಟಿತ್ತು.

ಮಗನಿಗೆ ಆಗ ಸ್ಯಾನ್ ಡಿಯಾಗೋದಲ್ಲಿ ಕಾಲೇಜಿನ ಕೊನೆಯ ವರ್ಷ. ಕಾಲೇಜಿನ ಫುಟ್‌ಬಾಲ್ ತಂಡದಲ್ಲಿದ್ದ. ಇಲ್ಲಿಯ ಫುಟ್‌ಬಾಲ್, ಹೆಲ್ಮೆಟ್ ಹಾಕಿಕೊಂಡು ಒಬ್ಬರ ಮೇಲೊಬ್ಬರು ಬೀಳುತ್ತಾರಲ್ಲ, ಅದು. ಗ್ಲೆಂಡೇಲ್‌ನಲ್ಲಿ ಒಂದು ಸತ್ಯನಾರಾಯಣ ಪೂಜೆಯ ದಿನ ಯಾರೋ ಹುಡುಗಿ, "ಆಂಟಿ, ನಿಮ್ ಮಗ ಟೀಮ್‌ನಲ್ಲಿ ಏನ್ ಮಾಡ್ತಾನೆ?" ಎಂದು ಕೇಳಿದಾಗ "ಬಗ್ತಾನೆ ಕಣಮ್ಮಾ" ಅಂದುಬಿಟ್ಟಿದ್ದೆ. ಸುಳ್ಳಲ್ಲ. ಚೆಂಡನ್ನು ಒದೆಯುವ ಸಮಯ ಬಂದಾಗ ಇವನು ಬಗ್ಗಿ, ಕಾಲುಗಳ ನಡುವಿನಿಂದ ಅದನ್ನು ಹಿಂದಕ್ಕೆ, ಅಷ್ಟು ದೂರದಲ್ಲಿ ನಿಂತ ಒದೆಯುವವನ ಕೈಗೆ ಎಸೆಯಬೇಕು. ಅಷ್ಟೇ. ಆ ಜಾಗಕ್ಕೆ ತಂಡದಲ್ಲಿ ಇಬ್ಬರು, ಇವನು ಎರಡನೆಯವನು. ಮೊದಲನೆಯವನಿಗೆ ಒಂದು ನೆಗಡಿಯೂ ಬರಲಿಲ್ಲ. ಮೂರು ವರ್ಷ ನನ್ನ ಮಗ ಮೈದಾನಕ್ಕೆ ಕಾಲಿಡಲೇ ಇಲ್ಲ.

ಆ ಮೂರು ವರ್ಷವೂ ನಾವು ಚಿತ್ರಾನ್ನ ಕಟ್ಟಿಕೊಂಡು ಸ್ಯಾನ್ ಡಿಯಾಗೋವರೆಗೆ ಡ್ರೈವ್ ಮಾಡಿ, ಅವನು ಬೆಂಚಿನ ಮೇಲೆ ಕೂತಿರುವುದನ್ನು ನೋಡಿ ಬರುತ್ತಿದ್ದೆವು. "ಕೂತಿರೋದನ್ನ ನೋಡೋಕೆ ಇಷ್ಟು ದೂರ ಬರ್ಬೇಕಾ? ಮನೇಲೂ ಕೂತೇ ಇರ್ತಾನೆ" ಎಂದು ಗಂಡ ಗೊಣಗುತ್ತಿದ್ದರು. ನನಗೂ ಹೊಟ್ಟೆ ಉರಿಯುತ್ತಿತ್ತು. ಒಂದು ಸಲ, ಒಂದೇ ಒಂದು ಸಲ ಅವನು ಆಡುವುದನ್ನು ಕಣ್ಣಾರೆ ನೋಡಬೇಕು, ಆಮೇಲೆ ಈ ಓಡಾಟವೇ ಬೇಡ ಅಂದುಕೊಂಡಿದ್ದೆ.

ಆ ಕೊನೆಯ ವರ್ಷ ಕಾಲೇಜಿನ ಸ್ವಂತ ಸ್ಟೇಡಿಯಂ ಕಟ್ಟುತ್ತಿದ್ದರು. ಹಾಗಾಗಿ ಪಂದ್ಯಗಳು ಲಾಸ್ ಏಂಜಲೀಸ್ ಕಡೆಯ ಬಾಡಿಗೆ ಸ್ಟೇಡಿಯಂನಲ್ಲಿ. ತಂಡವೇ ನಮ್ಮ ಕಡೆಗೆ ಬಂತಲ್ಲ ಎಂದು ಹಿಗ್ಗುವಷ್ಟರಲ್ಲಿ ಕೋವಿಡ್ ನಿಯಮ ಬಂತು: ನೋಡುವವರಿಗೆ ಪ್ರವೇಶವಿಲ್ಲ, ಅಪ್ಪ ಅಮ್ಮನಿಗೂ ಇಲ್ಲ. ಫೋಟೋ ಕಳಿಸಿದರೆ ರಟ್ಟಿನ ಮೇಲೆ ದೊಡ್ಡದಾಗಿ ಅಂಟಿಸಿ ಸೀಟಿನಲ್ಲಿ ಕೂರಿಸುತ್ತಾರಂತೆ. ಗಂಡ ಕೈಗೆ ಸಿಕ್ಕಿದ ಪಾಸ್‌ಪೋರ್ಟ್ ಫೋಟೋವನ್ನೇ ಕಳಿಸಿಬಿಟ್ಟರು. ಎರಡೂ ಕಿವಿ ಕಾಣುವ ಹಾಗೆ ಕೂದಲು ಹಿಂದಕ್ಕೆ ತಳ್ಳಿಕೊಂಡು, ಜಗಳಕ್ಕೆ ನಿಂತವಳಂತಿದ್ದ ನನ್ನ ಮುಖ. "ಅಮ್ಮಾ, ವೈ ಆರ್ ಯು ಸೋ ಆಂಗ್ರಿ?" ಎಂದು ಮಗ ಮೆಸೇಜ್ ಮಾಡಿದ. ಸಿಟ್ಟಿಗೇನು ಕಡಿಮೆಯಿತ್ತು, ಬಿಡಿ.

ಸೀಸನ್ ಕುಂಟುತ್ತಾ ಸಾಗಿತು. ಒಂದು ವಾರ ಪಂದ್ಯ, ಇನ್ನೊಂದು ವಾರ ರದ್ದು. ಕೊನೆಕೊನೆಗೆ ಒಂದು ಸಂಜೆ ಮಗ ಫೋನ್ ಮಾಡಿದ. ಮೊದಲನೆಯವನಿಗೆ ಕೋವಿಡ್. "ಅಮ್ಮಾ, ಐ ಆಮ್ ಪ್ಲೇಯಿಂಗ್ ದಿಸ್ ಸ್ಯಾಟರ್ಡೇ." ಆ ಹುಡುಗ ಹುಷಾರಾಗಿದ್ದಾನಾ ಎಂದು ಕೇಳಿದ ಮೇಲೇ ನಾನು ಖುಷಿಪಟ್ಟಿದ್ದು, ದೇವರಾಣೆ.

ಪಂದ್ಯ ಟೀವಿಯಲ್ಲಿ ಬರುವುದಿತ್ತು. ಆದರೂ ನಾನು ಕಾರಿನ ಕೀ ತೆಗೆದುಕೊಂಡೆ.

"ಒಳಗೆ ಬಿಡಲ್ಲ ಕಣೆ. ಹೋಗಿ ಏನ್ ಮಾಡ್ತೀಯ?" ಅಂದರು ಗಂಡ.

"ಹತ್ರ ಇರ್ತೀನಿ. ನೀವು ಟೀವಿ ನೋಡ್ಕೊಂಡು ಫೋನಲ್ಲಿ ಹೇಳಿ."

ಸ್ಟೇಡಿಯಂ ಗೇಟಿನಲ್ಲಿದ್ದ ಹೆಂಗಸು ಆಗುವುದೇ ಇಲ್ಲವೆಂದು ತಲೆಯಾಡಿಸಿದಳು. ಅವಳ ಮೇಲೆ ರೇಗಿ ಏನು ಬಂತು? ಬೇಲಿಯ ಪಕ್ಕ ಹೋಗಿ ನಿಂತೆ. ಒಳಗೆ ನೋಡುವವರು ಒಂದು ನರಪಿಳ್ಳೆಯೂ ಇಲ್ಲ, ಆದರೂ ಸಾವಿರಾರು ಜನ ಕೂಗುವ ಸದ್ದು. ರೆಕಾರ್ಡ್ ಮಾಡಿದ್ದನ್ನು ಸ್ಪೀಕರಿನಲ್ಲಿ ಹಾಕಿದ್ದರು. ಕೇಳಿದರೆ ಒಳಗೆ ಏನಾಯಿತೆಂದು ಒಂದೂ ತಿಳಿಯುತ್ತಿರಲಿಲ್ಲ. ಫೋನನ್ನು ಕಿವಿಗೆ ಒತ್ತಿಕೊಂಡೆ.

"ಬಂದ ನೋಡು... ಬಗ್ಗಿದ... ಎಸೆದ. ಸರಿಯಾಗಿ ಹೋಯ್ತು" ಎನ್ನುತ್ತಿದ್ದರು ಗಂಡ. ಪ್ರತಿ ಸಲವೂ ಅಷ್ಟೇ ಮಾತು. ಕೊನೆಯ ಸಲ "ಬಗ್ಗಿದ" ಅಂದವರು ಸುಮ್ಮನಾಗಿಬಿಟ್ಟರು. "ರೀ! ಏನಾಯ್ತ್ರೀ?" ಎಂದು ಕಿರುಚಿದೆ. ಆ ಕಡೆಯಿಂದ ಮೂಗು ಒರೆಸಿಕೊಳ್ಳುವ ಸದ್ದು ಬಂತು.

"ಎಷ್ಟ್ ಚೆನ್ನಾಗಿ ಎಸೆದ ಗೊತ್ತೇನೇ" ಅಂದರು.

ತಂಡ ಸೋತಿತು. ಆ ಚಿಂತೆ ಕೋಚ್‌ಗಿರಲಿ. ಹುಡುಗರು ಯಾರನ್ನೂ ಭೇಟಿಯಾಗದೆ ಬಸ್ಸು ಹತ್ತಿ ವಾಪಸ್ ಸ್ಯಾನ್ ಡಿಯಾಗೋಗೆ ಹೋಗಬೇಕಿತ್ತು. ಬಸ್ಸು ಹೊರಗೆ ಬರುವ ಕಡೆಗೆ ಓಡಿದೆ. ಓಡಿದೆ ಅನ್ನುವುದು ದೊಡ್ಡ ಮಾತು, ಕಾಲೆಳೆದುಕೊಂಡು ಹೋದೆ. ಕಿಟಕಿಗಳ ತುಂಬ ಒಂದೇ ಥರದ ಜಾಕೆಟ್, ಒಂದೇ ಥರದ ಮಾಸ್ಕ್. ಹೆತ್ತವಳಿಗೂ ಗುರುತು ಹತ್ತುವ ಹಾಗಿಲ್ಲ. ಅಷ್ಟರಲ್ಲಿ ಮಧ್ಯದ ಕಿಟಕಿಯಲ್ಲಿ ಒಬ್ಬ ಕತ್ತು ತಿರುಗಿಸಿ ನನ್ನನ್ನೇ ನೋಡಿದ. ಅವನೇ! ಎರಡೂ ಕೈ ಎತ್ತಿ ಬೀಸಿದೆ. ಅವನು ಅಂಗೈಯನ್ನು ಗಾಜಿಗೆ ಒತ್ತಿ ಹಿಡಿದ. ಬಸ್ಸು ತಿರುಗಿ ಮರೆಯಾಗುವವರೆಗೂ ತೆಗೆಯಲಿಲ್ಲ. ನಾನು ನಡುರಸ್ತೆಯಲ್ಲಿ ನಿಂತು ಅತ್ತುಬಿಟ್ಟೆ. ಆಮೇಲೆ ಕಣ್ಣೊರೆಸಿಕೊಂಡು ಕಾರು ಹತ್ತಿ ಮನೆಗೆ ಬಂದೆ.

ಮುಂದಿನ ಪಂದ್ಯ ರದ್ದಾಯಿತು. ಮಗನ ಆಟ ಆ ಒಂದು ದಿನಕ್ಕೇ ಮುಗಿಯಿತು.

ಪಂದ್ಯದ ಮರುದಿನ, ಭಾನುವಾರ, ಅವನು ಫೋನ್ ಮಾಡಿದಾಗ, "ಬಸ್ಸಿನ ಕಿಟಕೀಲಿ ನಿನ್ನ ನೋಡಿದೆ ಕಣೋ" ಅಂದೆ.

"ವಿಚ್ ಬಸ್? ಐ ವಾಸ್ ಇನ್ ದ ಸೆಕೆಂಡ್ ಒನ್, ಅಮ್ಮಾ. ನಿದ್ದೆ ಮಾಡ್ಬಿಟ್ಟಿದ್ದೆ."

ಎರಡನೆಯ ಬಸ್ಸೊಂದಿದೆ ಎಂದು ನನಗೆ ಗೊತ್ತೇ ಇರಲಿಲ್ಲ. ಅವನು "ಅಮ್ಮಾ? ಅಮ್ಮಾ?" ಅನ್ನುತ್ತಿದ್ದ.

"ಮೊದಲನೇ ಬಸ್‌ನಲ್ಲಿ ಮಧ್ಯದ ಕಿಟಕಿ ಹತ್ರ ಕೂತಿದ್ದೋನು ಯಾರು, ವಿಚಾರ್ಸೋ" ಅಂದೆ. "ಅವರಮ್ಮಂಗೆ ಫೋನ್ ಮಾಡೋಕೆ ಹೇಳು. ಮಗ ಚೆನ್ನಾಗಿದಾನೆ, ನಾನು ನೋಡಿದೆ ಅಂತ."