ಟೆಂಟ್ ಚಾಚಾರ ಕಾರಕೂನ

ಮೊನ್ನೆ ಮೊಮ್ಮಗಳು ನನ್ನ ಮಗ್ಗುಲಲ್ಲಿ ಕೂತು ಉಗುರಿಗೆ ಬಣ್ಣ ಹಚ್ಚಿಕೊಳ್ಳುತ್ತಿದ್ದಳು. ಶೀಶೆಯ ಮುಚ್ಚಳ ತೆಗೆದದ್ದೇ ತಡ, ಟೆಂಟ್ ಚಾಚಾ ನೆನಪಾದರು. ಹರಿದ ಫಿಲ್ಮು ಅಂಟಿಸುವಾಗ ಅವರ ಕೈಗೆ ಇದೇ ವಾಸನೆ ಹತ್ತಿರುತ್ತಿತ್ತು…

ಮದುವೆಯಾಗಿ ಧಾರವಾಡದಿಂದ ದಾಂಡೇಲಿಗೆ ಬಂದ ಹೊಸತು. ಗಂಡನಿಗೆ ಕಾಗದದ ಕಾರ್ಖಾನೆಯಲ್ಲಿ ಕೆಲಸ. ಪಕ್ಕದ ಮನೆ ಚಾಚಾ–ಚಾಚಿಯದು. ಚಾಚಾ ಬಯಲಿನಲ್ಲಿ ಸಿನಿಮಾ ಟೆಂಟು ಹಾಕಿದ್ದರು. ಅವರ ಬಳಿ ಪರದೇಶದ ಹಳೇ ಮೂಕಿ ಚಿತ್ರವೊಂದಿತ್ತು. ಸೋರುವ ಮಾಡಿನ ರಿಪೇರಿಗೆ ಅಪ್ಪಣೆ ಕೇಳಲು ಹೋದ ಬಡಪಾಯಿಯನ್ನು ಕಚೇರಿಯವರು ಮೇಜಿನಿಂದ ಮೇಜಿಗೆ ಅಲೆಸುವ ಕಥೆ. ಮಾತಿಲ್ಲದ ಆ ಚಿತ್ರಕ್ಕೆ ಮಾತೆಲ್ಲ ಚಾಚಾರದೇ. ಮೀಸೆಯ ಕಾರಕೂನ ಬಾಯಿ ತೆರೆದರೆ ಸಾಕು, ಪರದೆಯ ಪಕ್ಕ ನಿಂತು, "ಸಾಹೇಬ್ರು ಊಟಕ್ಕ ಹೋಗ್ಯಾರ, ನಾಳೆ ಬಾ!" ಎಂದು ಗುಡುಗುತ್ತಿದ್ದರು. ಅಯ್ಯಯ್ಯ, ನಕ್ಕೂ ನಕ್ಕೂ ಹೊಟ್ಟೆ ಹುಣ್ಣಾಗುತ್ತಿತ್ತು!

ಆ ವರ್ಷ ಟೆಂಟಿನ ಪರವಾನಿಗೆ ಮುಗಿದಿತ್ತು. ಹೊಸದು ಸಿಗದಿದ್ದರೆ ಟೆಂಟು ಕೀಳಬೇಕು. ಚಾಚಾ ಕಚೇರಿಗೆ ಅಲೆದು ಅಲೆದು ಸುಸ್ತಾಗಿದ್ದರು. ಅಷ್ಟರಲ್ಲಿ, ಪರವಾನಿಗೆ ಕೊಡುವ ಸಾಹೇಬರೇ ಆಟ ನೋಡಲು ಬರುತ್ತಾರೆಂದು ಸುದ್ದಿ ಬಂತು. ಟೆಂಟಿಗೆ ಹೊರಟ ಚಾಚಾರಿಗೆ ಚಾಚಿ ಅಡ್ಡ ನಿಂತರು.

"ಇವತ್ತೊಂದಿನ ನಾಲಿಗಿ ಬಿಗಿ ಹಿಡೀರಿ. ನಿಮ್ಮ ಕಾಲಿಗೆ ಬೀಳ್ತೇನಿ," ಎಂದರು ನನ್ನೆದುರಿಗೇ. ಅವರದೇನೂ ತಪ್ಪಿರಲಿಲ್ಲ. ಟೆಂಟು ಹೋದರೆ ತಿನ್ನುವುದೇನು?

ಸಾಹೇಬರು ಮುಂದಿನ ಕುರ್ಚಿಯಲ್ಲಿ ಕೂತರು. ಪರದೆಯ ಮೇಲೆ ಕಾರಕೂನ ಅರ್ಜಿಗಳನ್ನು ಕಿಟಕಿಯಿಂದ ಆಚೆ ಎಸೆಯುತ್ತಿದ್ದಾನೆ. ಚಾಚಾ ಮೆತ್ತಗೆ, "ಪಾಪ, ಅವರಿಗೆ ಭಾಳ ಕೆಲಸ ಐತ್ರಿ," ಅನ್ನುತ್ತಿದ್ದಾರೆ. ಯಾರೂ ನಗಲಿಲ್ಲ. ನನಗಂತೂ ಅಳುವೇ ಬಂತು.

ಆಟ ಮುಗಿದ ಮೇಲೆ ಸಾಹೇಬರು ಕಿಸೆಯಿಂದ ಕಾಗದ ತೆಗೆದು ಚಾಚಾರ ಕೈಗಿಟ್ಟರು. "ಪರವಾನಿಗಿ ತಗೋರಿ. ಮುಂಜಾನೇನ ಸಹಿ ಹಾಕೇನಿ." ಹೊರಟವರು ತಿರುಗಿ, "ನೀವು ಭಾಳ ನಗಸ್ತೀರಿ ಅಂತ ಕೇಳಿ ಬಂದಿದ್ದೆ…" ಎಂದರು.

ಟೆಂಟು ಉಳಿಯಿತು. ಆದರೆ ಚಾಚಾ ಆ ಚಿತ್ರವನ್ನು ಮತ್ತೆ ಹಾಕಲೇ ಇಲ್ಲ. ಮಾತಿನ ಚಿತ್ರಗಳನ್ನಷ್ಟೇ ತರಿಸಿ, ಆಟ ಶುರುವಾದೊಡನೆ ಹೊರಗೆ ಬೀಡಿ ಸೇದುತ್ತ ಕೂರುತ್ತಿದ್ದರು. ಒಮ್ಮೆ ತಡೆಯಲಾಗದೆ, "ಚಾಚಾ, ಆ ಕಾರಕೂನಂದು ಒಂದ್ಸಲ ಮಾಡಿ ತೋರಸ್ರಿ," ಎಂದೆ.

"ಅವ ಅವತ್ತೇ ರಿಟೈರ್ ಆದ, ಬೇಟಿ," ಎಂದರು.

ಚಾಚಾ ತೀರಿಹೋಗಿ ಎಷ್ಟೋ ಕಾಲವಾಯಿತು…

"ಅಜ್ಜಿ, ವಾಸನಿ ಬಡೀತೈತೇನು? ಕಿಡಕಿ ತಗೀಲೇನು?" ಎಂದಳು ಮೊಮ್ಮಗಳು.

"ಬ್ಯಾಡವಾ, ಹಂಗ ಇರ್ಲಿ," ಎಂದೆ. ನೋಡನೋಡುತ್ತ ಬಣ್ಣ ಒಣಗಿ ವಾಸನೆಯೂ ಹೋಯಿತು. "ನಾಳೆ ಬಾ" ಎಂದು ಗದರಿಸುವ ಆ ದನಿಯನ್ನು ಇನ್ನೊಮ್ಮೆ ಕೇಳಬೇಕಿತ್ತು.